ಮನೆಬಳಕೆಯ ಕಾರ್ಪೆಟ್ ತೊಳೆಯುವ ಯಂತ್ರ: ಸಿಂಧನೂರು, ಲಿಂಗಸುಗೂರು, ಮಸ್ಕಿ ಸೀಮೆಯಲ್ಲಿ ಅದರ ಬಳಕೆ ಮತ್ತು ನಿಗಾ

ನೆಲಹಾಸಿನ ಮೇಲೆ ಸಾಬೂನು ನೀರು ಸಿಂಪಡಿಸಿ, ಬ್ರಷ್ಷಿನಿಂದ ಉಜ್ಜಿ, ಕೊಳೆ ಬೆರೆತ ಆ ನೀರನ್ನು ಕೂಡಲೇ ಮರಳಿ ಹೀರಿಕೊಳ್ಳುವ ವಿದ್ಯುತ್ ಉಪಕರಣಕ್ಕೆ ಕಾರ್ಪೆಟ್ ತೊಳೆಯುವ ಯಂತ್ರ ಎಂದು ಹೆಸರು. ಒಣ ಧೂಳನ್ನಷ್ಟೇ ಎಳೆಯುವ ಸಾಮಾನ್ಯ ವ್ಯಾಕ್ಯೂಮ್ ಕ್ಲೀನರ್ ಬೇರೆ, ಇದು ಬೇರೆ. ಸಾಮಾನ್ಯ ವ್ಯಾಕ್ಯೂಮಿಗೆ ನೀರು ಕುಡಿಸಿದರೆ ಮೋಟರು ಸುಡುತ್ತದೆ. ಕುದಿಯುವ ಆವಿಯನ್ನು ಉಗುಳುವ ಸ್ಟೀಮ್ ಕ್ಲೀನರ್ ಕೂಡ ಈ ಗುಂಪಿಗೆ ಸೇರದು. ಅದು ಕೊಳೆಯನ್ನು ಸಡಿಲಿಸುತ್ತದೆಯೇ ಹೊರತು ಹೊರಗೆ ತೆಗೆಯುವುದಿಲ್ಲ.

ರಾಯಚೂರು ಜಿಲ್ಲೆಯ ಸಿಂಧನೂರು, ಲಿಂಗಸುಗೂರು, ಮಸ್ಕಿ ತಾಲ್ಲೂಕುಗಳು ಕೃಷ್ಣಾ ಮತ್ತು ತುಂಗಭದ್ರಾ ನಡುವಿನ ದೋಆಬ್ ಸೀಮೆಗೆ ಸೇರಿದವು. ಮಸ್ಕಿ ಮೊದಲು ಲಿಂಗಸುಗೂರು ತಾಲ್ಲೂಕಿನಲ್ಲಿದ್ದು, 2017–18ರ ಪುನರ್‌ವಿಂಗಡಣೆಯಲ್ಲಿ ತಾನೇ ತಾಲ್ಲೂಕಾಯಿತು. ಇಲ್ಲಿನ ಮಣ್ಣು, ನೀರು, ಬಿಸಿಲು ಮೂರೂ ಈ ಯಂತ್ರದ ಕೆಲಸವನ್ನು ನೇರವಾಗಿ ತಟ್ಟುತ್ತವೆ. ತಣ್ಣನೆಯ, ಧೂಳು ಕಡಿಮೆಯಿರುವ ದೇಶಗಳ ಮನೆಗಳನ್ನು ಮನಸ್ಸಿನಲ್ಲಿಟ್ಟು ಬರೆದ ಕೈಪಿಡಿಯನ್ನು ಇಲ್ಲಿ ಹಾಗೆಯೇ ಅನುಸರಿಸಿದರೆ ಹಾಸೂ ಕೆಡುತ್ತದೆ, ಯಂತ್ರವೂ ಕೆಡುತ್ತದೆ. ಕಪ್ಪು ಎರೆಮಣ್ಣಿನ ನಾಡಿನಲ್ಲಿ ನೀರು ಕೊನೆಯ ಕೆಲಸ. ಅದಕ್ಕೆ ಮೊದಲು ಒಣಗಿದ್ದಾಗಲೇ ತೆಗೆಯಬೇಕಾದದ್ದು ಬಹಳ ಇರುತ್ತದೆ.

ಯಂತ್ರದ ಹಿನ್ನೆಲೆ

ಹಾಸಿನ ಮೇಲೆ ತಳ್ಳಿಕೊಂಡು ಹೋಗುವ, ಕರೆಂಟು ಬೇಡದ ಗುಡಿಸುವ ಪೆಟ್ಟಿಗೆಗೆ ಅಮೆರಿಕದ ಮೆಲ್ವಿಲ್ ಬಿಸೆಲ್ 1876ರಲ್ಲಿ ಪೇಟೆಂಟ್ ಪಡೆದ. 1901ರಲ್ಲಿ ಇಂಗ್ಲೆಂಡಿನ ಎಂಜಿನಿಯರ್ ಹ್ಯೂಬರ್ಟ್ ಸೆಸಿಲ್ ಬೂತ್ ಧೂಳು ಹೀರುವ ಯಂತ್ರ ಮಾಡಿದ. ಅದು ಎಷ್ಟು ದೊಡ್ಡದಿತ್ತೆಂದರೆ ಕುದುರೆ ಗಾಡಿಯ ಮೇಲೆ ಬೀದಿಯಲ್ಲೇ ನಿಂತು, ಉದ್ದನೆಯ ಪೈಪುಗಳನ್ನು ಕಿಟಕಿಯೊಳಗೆ ತೂರಿಸಿ ಮನೆಗಳನ್ನು ಶುಚಿ ಮಾಡುತ್ತಿತ್ತು. 1902ರಲ್ಲಿ ಏಳನೆಯ ಎಡ್ವರ್ಡ್ ದೊರೆಯ ಪಟ್ಟಾಭಿಷೇಕಕ್ಕೆ ಮುಂಚೆ ವೆಸ್ಟ್‌ಮಿನ್‌ಸ್ಟರ್ ಅಬ್ಬೆಯ ಹಾಸುಗಳನ್ನು ಶುಚಿಗೊಳಿಸಿ ಅದು ಹೆಸರಾಯಿತು. ಓಹಾಯೋ ರಾಜ್ಯದ ಜೇಮ್ಸ್ ಮರ್ರಿ ಸ್ಪ್ಯಾಂಗ್ಲರ್ ಕೈಯಲ್ಲಿ ಹಿಡಿದು ಓಡಿಸುವ ವ್ಯಾಕ್ಯೂಮಿಗೆ 1908ರಲ್ಲಿ ಪೇಟೆಂಟ್ ಪಡೆದ. ಆ ಹಕ್ಕನ್ನು ಕೊಂಡ ಹೂವರ್ ಮನೆತನದ ಹೆಸರೇ ಮುಂದೆ ಅದಕ್ಕೆ ಅಂಟಿಕೊಂಡಿತು. ನೀರು ಸಿಂಪಡಿಸಿ ಹೀರುವ ಜಾತಿಯ ಯಂತ್ರಗಳು ಮನೆ ಹೊಕ್ಕದ್ದು 20ನೆಯ ಶತಮಾನದ ಉತ್ತರಾರ್ಧದಲ್ಲಿ.

ಭಾರತದಲ್ಲಿ 1982ರಲ್ಲಿ ಶುರುವಾದ ಯುರೇಕಾ ಫೋರ್ಬ್ಸ್ ಕಂಪನಿಯ ಮಾರಾಟಗಾರರು ವ್ಯಾಕ್ಯೂಮ್ ಕ್ಲೀನರ್ ಹೊತ್ತು ಮನೆಮನೆಗೆ ಹೋಗಿ ಅದರ ಪರಿಚಯ ಮಾಡಿಸಿದರು. ಸಿಂಪಡಿಸಿ ಹೀರುವ ಯಂತ್ರಗಳು ಜಿಲ್ಲೆಯ ಊರುಗಳನ್ನು ಮುಟ್ಟಿದ್ದು ಆನ್‌ಲೈನ್ ಖರೀದಿ ಬಂದ ಮೇಲೆ. ಕಾರ್ಪೆಟ್ಟಿನ ಹೆಸರಿನಲ್ಲಿ ಮಾರಾಟವಾದರೂ ಇಲ್ಲಿನ ಮನೆಗಳಲ್ಲಿ ಅದಕ್ಕೆ ಹೆಚ್ಚು ಕೆಲಸ ಕೊಡುವುದು ಸೋಫಾ, ಗಾದಿ ಮತ್ತು ಕಾರಿನ ಸೀಟು.

ಒಳಗೆ ಏನಿದೆ

ಯಂತ್ರದ ಗಾತ್ರ ಏನೇ ಇರಲಿ, ಅಂಗಗಳು ಒಂದೇ. ಒಳ್ಳೆಯ ನೀರಿಗೊಂದು ಟ್ಯಾಂಕು, ಕೊಳೆನೀರಿಗೊಂದು ಟ್ಯಾಂಕು. ಕೈಯಲ್ಲಿ ಎತ್ತಿಕೊಂಡು ಹೋಗುವ ಚಿಕ್ಕ ಯಂತ್ರದಲ್ಲಿ ಟ್ಯಾಂಕು ಸುಮಾರು ಒಂದೂವರೆಯಿಂದ ಎರಡೂವರೆ ಲೀಟರಿನದು. ನಿಲ್ಲಿಸಿ ತಳ್ಳುವ ದೊಡ್ಡದರಲ್ಲಿ ಮೂರರಿಂದ ಐದು ಲೀಟರ್. ಚಿಕ್ಕ ಪಂಪೊಂದು ಒಳ್ಳೆಯ ನೀರನ್ನು ನಾಜಲ್ಲಿಗೆ ಒತ್ತುತ್ತದೆ. ನಾಜಲ್ಲಿನ ತೂತು ಬಹಳ ಸಣ್ಣದು, ನೀರು ಬೀಸಣಿಗೆಯಾಕಾರದಲ್ಲಿ ಹರಡಲೆಂದು ಹಾಗೆ ಮಾಡಿರುತ್ತಾರೆ. ಅದರ ಹಿಂದೆಯೇ ಅಗಲ ಬಾಯಿಯ ಹೀರುತುದಿ ಇರುತ್ತದೆ. ಹೀರುವ ಮೋಟರು ಕೊಳೆ ಟ್ಯಾಂಕಿನಿಂದ ಗಾಳಿಯನ್ನು ಎಳೆಯುತ್ತದೆ, ಗಾಳಿಯ ಜತೆ ನೀರು ಬಂದು ಟ್ಯಾಂಕಿನಲ್ಲಿ ಬೀಳುತ್ತದೆ, ಗಾಳಿ ಮಾತ್ರ ಮೋಟರಿನತ್ತ ಹೋಗುತ್ತದೆ.

ಈ ದಾರಿಯಲ್ಲಿ ಕಾವಲಿಗಿರುವುದು ಫ್ಲೋಟ್ ಎಂಬ ತೇಲುವ ತುಂಡು. ಕೊಳೆನೀರು ಮೇಲೇರಿದಾಗ ಅದೂ ಮೇಲೇರಿ ಗಾಳಿಯ ಬಾಯಿಯನ್ನು ಮುಚ್ಚುತ್ತದೆ. ಆಗ ಮೋಟರಿನ ಸದ್ದು ಏಕಾಏಕಿ ಕೀರಲಾಗುತ್ತದೆ, ಹೀರುವುದು ನಿಲ್ಲುತ್ತದೆ. ಬಹಳ ಮಂದಿ ಯಂತ್ರ ಕೆಟ್ಟಿತೆಂದು ಗಾಬರಿಯಾಗುವುದು ಇಲ್ಲಿಯೇ. ಸ್ವಿಚ್ ಆರಿಸಿ ಟ್ಯಾಂಕು ಖಾಲಿ ಮಾಡಿದರೆ ಸಾಕು. ಆದರೆ ಫ್ಲೋಟ್ ನೀರನ್ನು ತಡೆದೀತು, ನೊರೆಯನ್ನು ತಡೆಯಲಾರದು. ಹಗುರವಾದ ನೊರೆ ಅದರ ಸುತ್ತಲಿಂದ ನುಸುಳಿ ಮೋಟರಿಗೆ ಸೇರುತ್ತದೆ. ಬಟ್ಟೆ ಒಗೆಯುವ ಪುಡಿಯನ್ನು ಈ ಯಂತ್ರಕ್ಕೆ ಹಾಕಬಾರದೆನ್ನುವುದಕ್ಕೆ ಮೊದಲ ಕಾರಣ ಇದೇ.

ಈ ಸೀಮೆಯ ಮಣ್ಣು ಮತ್ತು ಧೂಳು

ಎರೆಮಣ್ಣಿನ ಜಿಗುಟಿಗೆ ಕಾರಣ ಅದರಲ್ಲಿರುವ ಮಾಂಟ್‌ಮೊರಿಲ್ಲೊನೈಟ್ ಎಂಬ ಜೇಡಿ. ನೀರು ಕುಡಿದಾಗ ಅದು ಉಬ್ಬುತ್ತದೆ, ಒಣಗಿದಾಗ ಕುಗ್ಗಿ ಬಿರಿಯುತ್ತದೆ. ಬೇಸಿಗೆಯಲ್ಲಿ ಹೊಲದಲ್ಲಿ ಕಾಲು ಸಿಕ್ಕಿಬೀಳುವಂಥ ಬಿರುಕು, ಮಳೆಗಾಲದಲ್ಲಿ ಚಪ್ಪಲಿಯನ್ನು ಕಿತ್ತುಕೊಳ್ಳುವ ಕೆಸರು, ಎರಡೂ ಇದರವೇ. ಜೇಡಿಯ ಕಣ 0.002 ಮಿಲಿಮೀಟರಿಗಿಂತ ಸಣ್ಣದು. ಅಷ್ಟು ನವುರಾದ ಪುಡಿ ಹಾಸಿನ ಎಳೆಗಳ ಬುಡಕ್ಕೆ ಇಳಿದು ಕೂರುತ್ತದೆ. ಅದು ಒಣಗಿರುವಾಗ ಕೊಡವಿದರೆ ಉದುರುತ್ತದೆ, ವ್ಯಾಕ್ಯೂಮ್ ಹಿಡಿದರೆ ಬರುತ್ತದೆ. ಅದರ ಮೇಲೆ ನೀರು ಬಿದ್ದ ಕ್ಷಣ ಕಣಗಳು ಉಬ್ಬಿ ಎಳೆಗೆ ಮೆತ್ತಿಕೊಳ್ಳುತ್ತವೆ. ಮುಂದೆ ಎಷ್ಟು ನೀರು ಹಾಯಿಸಿ ಹೀರಿದರೂ ಕೊಳೆ ಟ್ಯಾಂಕಿಗೆ ಕಪ್ಪು ನೀರು ಬರುತ್ತಲೇ ಇರುತ್ತದೆ, ಹಾಸು ಮಾತ್ರ ಬೂದುಬಣ್ಣಕ್ಕೆ ನಿಂತುಬಿಡುತ್ತದೆ. ಯಂತ್ರ ಕೊಂಡವರು ‘ನೀರು ಇಷ್ಟು ಕಪ್ಪಗೆ ಬಂತು, ಎಷ್ಟು ಚೆನ್ನಾಗಿ ತೊಳೆದಿದೆ’ ಎಂದು ಸಂತೋಷಪಡುತ್ತಾರೆ. ಆ ಕಪ್ಪಿನ ದೊಡ್ಡ ಪಾಲು ನೀರು ಮುಟ್ಟಿಸುವ ಮೊದಲೇ ಹೊರಗೆ ಹೋಗಬೇಕಿದ್ದ ಮಣ್ಣು.

ಎಲ್ಲ ಕಡೆ ಎರೆಯೇ ಇಲ್ಲ. ಲಿಂಗಸುಗೂರು, ಮಸ್ಕಿ ಕಡೆಯ ಮಸಾರಿ ನೆಲದಲ್ಲಿ ಕೆಂಪು ಮರಳುಮಿಶ್ರಿತ ಮಣ್ಣು. ಅದು ಅಷ್ಟು ಮೆತ್ತುವುದಿಲ್ಲ, ಆದರೆ ಅದರ ಚೂಪು ಕಣಗಳು ಕಾಲ್ತುಳಿತಕ್ಕೆ ಸಿಕ್ಕು ಎಳೆಗಳನ್ನು ಬುಡದಲ್ಲಿ ಕೊಯ್ಯುತ್ತವೆ. ತುಂಗಭದ್ರಾ ಎಡದಂಡೆ ಕಾಲುವೆಯ ನೀರುಂಡು ಭತ್ತ ಬೆಳೆಯುವ ಸಿಂಧನೂರಿನಲ್ಲಿ ಇನ್ನೊಂದು ಬಗೆಯ ಧೂಳಿದೆ. ಕೊಯ್ಲಿನ ಯಂತ್ರ ಹೊಲಕ್ಕಿಳಿದಾಗ ಏಳುವ ಹೊಟ್ಟಿನ ಧೂಳು, ಅಕ್ಕಿ ಗಿರಣಿಗಳ ಸುತ್ತ ಹಾರುವ ತೌಡು ಮತ್ತು ಉರಿದ ಹೊಟ್ಟಿನ ಬೂದಿ. ಭತ್ತದ ಹೊಟ್ಟಿನಲ್ಲಿ ಸಿಲಿಕಾ ಹೆಚ್ಚು, ಅದರ ಬೂದಿಯಂತೂ ಬಹುಪಾಲು ಸಿಲಿಕಾವೇ. ಇದು ಫಿಲ್ಟರಿನ ರಂಧ್ರಗಳನ್ನು ಬೇಗ ಕಟ್ಟಿಸುತ್ತದೆ. ಹತ್ತಿ ಬಿಡಿಸುವ ದಿನಗಳಲ್ಲಿ ಬರುವ ಹಿಂಜಲು ಬ್ರಷ್ಷಿನ ಅಚ್ಚಿಗೆ ಸುತ್ತಿಕೊಳ್ಳುತ್ತದೆ. ಹಟ್ಟಿಯ ಚಿನ್ನದ ಗಣಿಯ ಸುತ್ತಲಿನ ಮನೆಗಳಲ್ಲಿ ಕಲ್ಲುಪುಡಿಯೂ ಕೂಡಿಕೊಳ್ಳುತ್ತದೆ.

ಯಾವ ಹಾಸಿಗೆ ಯಂತ್ರ, ಯಾವುದಕ್ಕೆ ಬೇಡ

ಹಳೆಯ ಪಡಸಾಲೆಗಳಲ್ಲಿ ಹಾಸುವುದು ಜಮಖಾನೆ, ಗುಡಾರ, ಕಂಬಳಿ ಇಲ್ಲವೆ ಈಚಲು ಚಾಪೆ. ಈಗಿನ ಮನೆಗಳಲ್ಲಿ ಟೀಪಾಯಿಯ ಕೆಳಗೆ ಪಾಲಿಪ್ರೊಪಿಲೀನ್ ಅಥವಾ ಪಾಲಿಯೆಸ್ಟರಿನ ಮೆತ್ತನೆಯ ಹಾಸು. ನಮಾಜಿನ ಚಾಪೆಗಳೂ ಮಸೀದಿಗಳ ಉದ್ದನೆಯ ಸಾಲುಹಾಸುಗಳೂ ಹೆಚ್ಚಾಗಿ ಕೃತಕ ನೂಲಿನವು. ಕೃತಕ ನೂಲು ನೀರು ಕುಡಿಯುವುದಿಲ್ಲ, ಬಣ್ಣ ಬಿಡುವುದು ಅಪರೂಪ, ಬೇಗ ಒಣಗುತ್ತದೆ. ಯಂತ್ರ ಮಾಡಿದ್ದೇ ಇಂಥವುಗಳಿಗಾಗಿ ಎನ್ನಬಹುದು. ಅಡಿಗೆ ರಬ್ಬರ್ ಹಾಲು ಬಳಿದ ಹಾಸಾದರೆ ಬಿಸಿನೀರು ಬೇಡ, ಬಳಿದದ್ದು ಪುಡಿಪುಡಿಯಾಗಿ ಬಿಡುತ್ತದೆ. ಅಡಿಯಲ್ಲಿ ಸೆಣಬಿನ ಬಟ್ಟೆ ಇದ್ದರೆ ನೀರು ಅಲ್ಲಿಯವರೆಗೆ ಇಳಿಯಬಾರದು. ಇಳಿದರೆ ಒಣಗುವಾಗ ಸೆಣಬಿನ ಕಂದು ಬಣ್ಣ ಮೇಲಕ್ಕೇರಿ ಕಲೆಯಾಗುತ್ತದೆ.

ನವಲಗುಂದದ ಜಮಖಾನೆಯ ಮಾತೇ ಬೇರೆ. ಧಾರವಾಡ ಜಿಲ್ಲೆಯ ಆ ಊರಿನಲ್ಲಿ ಮುಸ್ಲಿಂ ಹೆಣ್ಣುಮಕ್ಕಳು ನೆಟ್ಟಗೆ ನಿಲ್ಲಿಸಿದ ಮಗ್ಗದಲ್ಲಿ ಹತ್ತಿ ನೂಲಿನಿಂದ ನವಿಲು, ಪಗಡೆ ಹಾಸಿನ ಚಿತ್ತಾರ ಎತ್ತುತ್ತಾರೆ. ಆದಿಲಶಾಹಿ ಕಾಲದ ಬಿಜಾಪುರದಿಂದ ಅವರ ಹಿರಿಯರು ಈ ಕಸುಬನ್ನು ತಂದರೆಂಬುದು ಅಲ್ಲಿನವರ ನೆನಪು. ಈ ಜಮಖಾನೆಗೆ ಭೌಗೋಳಿಕ ಸೂಚಕದ ಮಾನ್ಯತೆಯೂ ಇದೆ. ನೆಯ್ಯುವವರು ಈಗ ಬೆರಳೆಣಿಕೆಯಷ್ಟು. ಅಂಥ ಒಂದು ಹಾಸು ಮನೆಯಲ್ಲಿದ್ದರೆ ಅದರ ಮೇಲೆ ನೀರಿನ ಯಂತ್ರ ಓಡಿಸುವ ಆತುರ ಬೇಡವೇ ಬೇಡ. ಕೆಂಪು, ಕಪ್ಪು, ನೀಲಿ ಅಕ್ಕಪಕ್ಕ ಇರುವ ಹತ್ತಿ ಹಾಸಿನಲ್ಲಿ ಒಂದು ಬಣ್ಣ ಬಿಟ್ಟರೂ ಪಕ್ಕದ ಬಿಳಿ ಹಾಳು. ಇದು ಎರಡೂ ಮಗ್ಗುಲು ಒಂದೇ ಆಗಿರುವ ನೇಯ್ಗೆ, ಆದ್ದರಿಂದ ತಿರುಗಿಸಿ ಹಾಸುತ್ತ, ಎರಡೂ ಕಡೆ ಒಣ ವ್ಯಾಕ್ಯೂಮ್ ಹಿಡಿಯುತ್ತ ವರ್ಷಗಟ್ಟಲೆ ಇಟ್ಟುಕೊಳ್ಳಬಹುದು.

ಕಂಬಳಿಗೂ ಯಂತ್ರ ಒಗ್ಗದು. ಡೆಕ್ಕನಿ ಕುರಿಯ ಒರಟು ಉಣ್ಣೆಯಿಂದ ಕುರುಬರು ನೇಯ್ದ ಕಂಬಳಿಗೆ ಹುಣಸೆ ಬೀಜದ ಗಂಜಿ ಕುಡಿಸಿರುತ್ತಾರೆ. ಅದರ ಬಿಗುವು ಇರುವುದೇ ಆ ಗಂಜಿಯಲ್ಲಿ. ಯಂತ್ರದ ನೀರು ಬಿದ್ದರೆ ಗಂಜಿ ಕರಗಿ ಕಂಬಳಿ ಒಂದು ಕಡೆ ಜೋತುಬೀಳುತ್ತದೆ, ಇನ್ನೊಂದು ಕಡೆ ಅಂಟಂಟಾಗುತ್ತದೆ. ಉಣ್ಣೆಯ ಎಳೆಯ ಮೇಲೆ ಸೂಕ್ಷ್ಮವಾದ ಹುರುಪೆಗಳಿರುತ್ತವೆ. ಬಿಸಿನೀರು, ಸಾಬೂನು, ಉಜ್ಜಾಟ ಮೂರೂ ಕೂಡಿದರೆ ಅವು ಒಂದಕ್ಕೊಂದು ಸಿಕ್ಕಿಕೊಂಡು ಕಂಬಳಿ ಕುಗ್ಗಿ ದಪ್ಪಗಟ್ಟುತ್ತದೆ. ದೇವರ ಗದ್ದುಗೆಗೆ ಹಾಸಿದ, ಮದುವೆಯಲ್ಲಿ ಹಿರಿಯರನ್ನು ಕೂರಿಸಿದ ಕಂಬಳಿಗೆ ಬಿಸಿಲು ತೋರಿಸಿ ಕೊಡವುವುದೇ ಸರಿಯಾದ ಉಪಚಾರ. ಬೇವಿನ ಸೊಪ್ಪು ಒಣಗಿಸಿ ಮಡಿಕೆಯಲ್ಲಿಡುವುದು ಹಿಂದಿನಿಂದ ನಡೆದುಬಂದದ್ದು. ಅದರ ಜತೆಗೆ ಆಗಾಗ ಬಿಚ್ಚಿ ಜಾಡಿಸುವುದೂ ಬೇಕು, ಉಣ್ಣೆ ತಿನ್ನುವ ಹುಳು ಮುಟ್ಟದೆ ಬಿದ್ದಿರುವ ಕತ್ತಲ ಮಡಿಕೆಯಲ್ಲೇ ಬೆಳೆಯುತ್ತದೆ.

ಹಾಸಿನ ನೂಲು ಯಾವುದೆಂದು ತಿಳಿಯದಿದ್ದರೆ ಅಂಚಿನ ಒಂದು ಎಳೆ ಕಿತ್ತು ಇಕ್ಕಳದಲ್ಲಿ ಹಿಡಿದು ಸುಟ್ಟು ನೋಡಬೇಕು. ಕೂದಲು ಸುಟ್ಟ ವಾಸನೆ ಬಂದರೆ ಉಣ್ಣೆ, ಕಾಗದ ಸುಟ್ಟ ವಾಸನೆ ಬಂದರೆ ಹತ್ತಿ, ಕರಗಿ ಗಟ್ಟಿ ಗುಂಡಾದರೆ ಕೃತಕ. ಬಣ್ಣದ ಪರೀಕ್ಷೆಗೆ ಕಾಣದ ಮೂಲೆಯಲ್ಲಿ ಸಾಬೂನು ನೀರು ತಟ್ಟಿ, ಬಿಳಿ ಬಟ್ಟೆಯಿಂದ ಒತ್ತಿ ಹಿಡಿದು ನೋಡುವುದು ಸಾಕು. ಬಟ್ಟೆಗೆ ಬಣ್ಣ ಹತ್ತಿದರೆ ಅಲ್ಲಿಗೇ ನಿಲ್ಲಿಸಬೇಕು.

ತೊಳೆಯುವ ಕ್ರಮ

ಈ ಭಾಗದಲ್ಲಿ ಮಹಾನವಮಿಗೆ ಮುಂಚೆ ಮನೆಯ ಹಾಸಿಗೆ, ಹೊದಿಕೆ, ಕೌದಿ, ಜಮಖಾನೆಗಳನ್ನೆಲ್ಲ ಹಳ್ಳಕ್ಕೋ ಕಾಲುವೆಗೋ ಹೊತ್ತೊಯ್ದು ತೊಳೆಯುವ ವಾಡಿಕೆಯಿದೆ. ಬಂಡೆಯ ಮೇಲೆ ಬಡಿದು, ಹರಿಯುವ ನೀರಿನಲ್ಲಿ ಜಾಲಿಸಿ, ಬಿಸಿಗಲ್ಲಿನ ಮೇಲೆ ಹರವುತ್ತಾರೆ. ಈ ಪದ್ಧತಿಯ ಬಲ ಇರುವುದು ಹರಿಯುವ ನೀರಿನಲ್ಲಿ: ಬಿಟ್ಟ ಮಣ್ಣು ಮರಳಿ ಬಟ್ಟೆಗೆ ಸೇರದೆ ಹೊರಟುಹೋಗುತ್ತದೆ. ಎರಡು ಲೀಟರಿನ ಟ್ಯಾಂಕಿಗೆ ಆ ಶಕ್ತಿಯಿಲ್ಲ. ಅದಕ್ಕೇ ಬಡಿಯುವ ಕೆಲಸವನ್ನು ಯಂತ್ರಕ್ಕೆ ಬಿಡದೆ ನಾವೇ ಮಾಡಿ ಮುಗಿಸಬೇಕು.

ಹಾಸನ್ನು ಎತ್ತಿ ಮಾಳಿಗೆಯ ಕಟ್ಟೆಯ ಮೇಲೋ ಹೊರಸಿನ ಮೇಲೋ ಬೆನ್ನು ಮೇಲಾಗಿ ಹಾಕಿ ಬೆತ್ತದಿಂದ ಬಡಿಯುವುದು ಮೊದಲು. ಬೆನ್ನಿನ ಕಡೆಯಿಂದ ಬಡಿದರೆ ಬುಡದ ಮಣ್ಣು ತುದಿಯ ಕಡೆಗೆ ಉದುರುತ್ತದೆ. ಆಮೇಲೆ ಒಳಗೆ ತಂದು ಒಣ ವ್ಯಾಕ್ಯೂಮ್ ಹಿಡಿಯಬೇಕು, ಬೆನ್ನಿಗೆ ಒಮ್ಮೆ, ಮೈಗೆ ಅಡ್ಡಕ್ಕೂ ಉದ್ದಕ್ಕೂ. ಕೈ ನಿಧಾನವಾಗಿದ್ದಷ್ಟೂ ಧೂಳು ಹೆಚ್ಚು ಬರುತ್ತದೆ. ಮಳೆಗಾಲದಲ್ಲಿ ಎರೆಯ ಕೆಸರು ಹತ್ತಿದರೆ ಹಸಿಯಿದ್ದಾಗ ಉಜ್ಜಬಾರದು. ಪೂರ್ತಿ ಒಣಗಲು ಬಿಟ್ಟು, ಚಮಚದ ಬೆನ್ನಿನಿಂದ ಮುರಿದು, ಪುಡಿಯನ್ನು ಹೀರಿ ತೆಗೆಯಬೇಕು.

ಟ್ಯಾಂಕಿಗೆ ಹಾಕುವ ನೀರಿನ ಬಗ್ಗೆ ಇಲ್ಲಿ ವಿಶೇಷ ಎಚ್ಚರ ಬೇಕು. ಕಾಲುವೆ ಬಂದ ಮೇಲೆ ನೆಲ ಜೌಗಾಗಿ ಉಪ್ಪು ಮೇಲೆದ್ದ ಪ್ರದೇಶ ಸಿಂಧನೂರಿನ ಸುತ್ತ ಬಹಳ. ಹಲವು ಕಡೆ ಬೋರಿನ ನೀರು ಸವಳು. ಸವಳು ನೀರಿನಲ್ಲಿ ಸಾಬೂನು ಜಿಡ್ಡಾಗಿ ಎಳೆಗೆ ಮೆತ್ತುತ್ತದೆ. ನೀರು ಆರಿದ ಮೇಲೆ ಬಿಳಿಯ ಪುಡಿ ಉಳಿಯುತ್ತದೆ. ಪಂಪಿನೊಳಗೂ ನಾಜಲ್ಲಿನಲ್ಲೂ ಸುಣ್ಣ ಕಟ್ಟುತ್ತದೆ. ಕಾಲುವೆಯ ನೀರಾದರೆ ಸಿಹಿ, ಆದರೆ ರೇವೆ ಇರುತ್ತದೆ. ತಿಳಿಯಾಗಲು ಬಿಟ್ಟು, ತೆಳು ಬಟ್ಟೆಯಲ್ಲಿ ಸೋಸಿ ಹಾಕಬಹುದು. ಎಲ್ಲಕ್ಕಿಂತ ಸುಲಭ, ನಾಣ್ಯ ಹಾಕಿ ಕ್ಯಾನ್ ತುಂಬಿಸಿಕೊಳ್ಳುವ ಶುದ್ಧ ಕುಡಿಯುವ ನೀರಿನ ಘಟಕದ ನೀರು. ಒಂದು ಕ್ಯಾನಿನಲ್ಲಿ ಚಿಕ್ಕ ಯಂತ್ರದ ಟ್ಯಾಂಕು ಹಲವು ಬಾರಿ ತುಂಬುತ್ತದೆ.

ನೀರು ಉಗುರುಬೆಚ್ಚಗಿದ್ದರೆ ಸಾಕು. ಕುದಿಯುವ ನೀರು ಟ್ಯಾಂಕನ್ನು ಸೊಟ್ಟ ಮಾಡುತ್ತದೆ, ರಬ್ಬರನ್ನು ಸಡಿಲಿಸುತ್ತದೆ. ಸಾಬೂನು ಕಡಿಮೆ ನೊರೆಯದಾಗಿರಬೇಕು, ಡಬ್ಬಿಯ ಮೇಲೆ ಹೇಳಿದ್ದಕ್ಕಿಂತ ಹೆಚ್ಚು ಹಾಕಬಾರದು. ಹಾಸಿನಲ್ಲಿ ಉಳಿದ ಸಾಬೂನು ಅಂಟಿನಂತೆ ಧೂಳನ್ನು ಹಿಡಿಯುತ್ತದೆ. ತೊಳೆದ ಹಾಸು ತಿಂಗಳೊಳಗೆ ಮೊದಲಿಗಿಂತ ಕೊಳೆಯಾಗುವುದು ಇದರಿಂದಲೇ. ಬಟ್ಟೆಯ ಪುಡಿಯ ಕ್ಷಾರಗುಣ ಉಣ್ಣೆಯನ್ನು ಒರಟು ಮಾಡುತ್ತದೆ, ಅದರಲ್ಲಿನ ಕೆಲವು ಕಿಣ್ವಗಳು ಉಣ್ಣೆ ರೇಷ್ಮೆಗಳ ಪ್ರೋಟೀನನ್ನೇ ತಿನ್ನುತ್ತವೆ. ಅಂಟುವಾಳದ ನೀರು ಉಣ್ಣೆಗೆ ಒಳ್ಳೆಯದೇ, ಆದರೆ ಅದು ಬಕೆಟ್ಟಿನಲ್ಲಿರಲಿ. ಯಂತ್ರದೊಳಗೆ ಅದರ ನೊರೆ ಅಪಾಯ.

ಕೆಲಸ ಬಾಗಿಲಿನಿಂದ ದೂರದ ಮೂಲೆಯಲ್ಲಿ ಶುರುವಾಗಿ ಬಾಗಿಲ ಕಡೆಗೆ ಬರಬೇಕು, ಹಸಿ ಹಾಸನ್ನು ತುಳಿಯುವ ಪ್ರಸಂಗ ಬಾರದು. ಗುಂಡಿ ಒತ್ತಿ ನೀರು ಬಿಡುತ್ತ ಒಂದು ಸಲ ಎಳೆದರೆ, ಗುಂಡಿ ಬಿಟ್ಟು ಅದೇ ಜಾಗದಲ್ಲಿ ಬರೀ ಹೀರುತ್ತ ಎರಡು ಮೂರು ಸಲ ಎಳೆಯಬೇಕು. ಪೈಪಿನಲ್ಲಿ ನೀರಿನ ಹನಿ ಓಡುವುದು ನಿಲ್ಲುವವರೆಗೂ ಎಳೆಯುವುದೇ ಅಳತೆ. ಮೊದಲ ಬಾರಿ ಯಂತ್ರ ಹಿಡಿದವರು ನೀರು ಬಿಡುವುದರಲ್ಲಿ ಉದಾರಿಗಳು, ಹೀರುವುದರಲ್ಲಿ ಜಿಪುಣರು. ಅದು ತಿರುಗುಮುರುಗಾಗಬೇಕು. ಕೊನೆಗೆ ಸಾಬೂನಿಲ್ಲದ ಬರೀ ನೀರಿನಿಂದ ಒಂದು ಸುತ್ತು.

ಕಲೆಗಳಲ್ಲಿ ಅರಿಶಿನದ ಕಲೆ ನಮ್ಮ ಮನೆಗಳಿಗೆ ವಿಶೇಷ, ಪರದೇಶದ ಕೈಪಿಡಿಗಳಲ್ಲಿ ಅದರ ಸುದ್ದಿ ಅಪರೂಪ. ಸಾರು ಚೆಲ್ಲಿದ ಹಳದಿ ಕಲೆಯ ಮೇಲೆ ಕ್ಷಾರದ ಸಾಬೂನು ಬಿದ್ದೊಡನೆ ಕೆಂಪಾಗುತ್ತದೆ. ಅರಿಶಿನಕ್ಕೆ ಸುಣ್ಣ ಸೇರಿಸಿ ಕುಂಕುಮ ಮಾಡುವ ಗುಟ್ಟೂ ಇದೇ. ಆಗ ಗಾಬರಿಯಿಂದ ಇನ್ನಷ್ಟು ಸಾಬೂನು ಹಾಕುವುದು ತಪ್ಪು. ತಣ್ಣೀರಿನಲ್ಲಿ ತೊಳೆದು ಸಾಬೂನು ಪೂರ್ತಿ ಹೋದರೆ ಕೆಂಪು ಮರಳಿ ಹಳದಿಯಾಗುತ್ತದೆ. ಉಳಿದ ಹಳದಿಯನ್ನು ಬಿಸಿಲೇ ತಿನ್ನುತ್ತದೆ, ಅರಿಶಿನದ ಬಣ್ಣ ಬೆಳಕಿಗೆ ನಿಲ್ಲುವುದಿಲ್ಲ. ಎಲೆ ಅಡಿಕೆಯ ಕಲೆ ಇಷ್ಟು ಸುಲಭಕ್ಕೆ ಬಗ್ಗದು. ಅದು ಹಸಿಯಿದ್ದಾಗಲೇ ಒತ್ತಿ ಹೀರಿದರೆ ಉಂಟು, ಒಣಗಿದರೆ ನೆರಳು ಉಳಿದೇ ಉಳಿಯುತ್ತದೆ. ರಕ್ತಕ್ಕೆ ತಣ್ಣೀರು ಮಾತ್ರ. ಎಣ್ಣೆ, ತುಪ್ಪ ಬಿದ್ದಲ್ಲಿ ಟಾಲ್ಕಂ ಪುಡಿ ಉದುರಿಸಿ, ಜಿಡ್ಡು ಕುಡಿಯಲು ಬಿಟ್ಟು, ಒಣ ವ್ಯಾಕ್ಯೂಮಿನಿಂದ ತೆಗೆದ ಮೇಲೆ ನೀರಿನ ಕೆಲಸ. ಸೀಮೆಎಣ್ಣೆ, ಪೆಟ್ರೋಲ್, ಥಿನ್ನರ್ ಹಾಕಿ ಒರೆಸಿದ ಜಾಗದ ಹತ್ತಿರ ಯಂತ್ರವನ್ನು ತರಲೇಬಾರದು. ಮೋಟರಿನೊಳಗಿನ ಕಿಡಿಗೆ ಆ ಆವಿ ಹೊತ್ತಿಕೊಳ್ಳುತ್ತದೆ.

ಒಣಗಿಸುವುದು

ಒದ್ದೆ ಹಾಸು 24ರಿಂದ 48 ತಾಸು ಹಾಗೆಯೇ ಉಳಿದರೆ ಬೂಸ್ಟು ಹಿಡಿಯುತ್ತದೆ. ಏಪ್ರಿಲ್–ಮೇ ತಿಂಗಳಲ್ಲಿ ಇಲ್ಲಿ 40 ಡಿಗ್ರಿ ದಾಟುವುದು ಸಾಮಾನ್ಯ, ಗಾಳಿಯೂ ಒಣದು. ಬೆಳಿಗ್ಗೆ ತೊಳೆದದ್ದು ಸಂಜೆಗೆ ಹಾಸಲು ಸಿದ್ಧ. ಆದ್ದರಿಂದ ದೊಡ್ಡ ಕೆಲಸಕ್ಕೆ ಬೇಸಿಗೆಯೇ ಕಾಲ, ಇಲ್ಲವೆ ಮಳೆ ಹಿಂದಾದ ಮೇಲಿನ ಅಕ್ಟೋಬರ್–ನವೆಂಬರ್. ಜುಲೈ, ಆಗಸ್ಟ್, ಸೆಪ್ಟೆಂಬರಿನಲ್ಲಿ ಕಲೆ ಬಿದ್ದಷ್ಟು ಜಾಗ ಮಾತ್ರ ತೊಳೆಯುವುದು ಜಾಣತನ.

ಹಾಸನ್ನು ನೆಲದ ಮೇಲೆ ಒಣಗಲು ಬಿಡಬಾರದು. ಈ ಕಡೆಯ ಮನೆಗಳಲ್ಲಿ ಶಹಾಬಾದಿ ಕಲ್ಲಿನ ನೆಲ ಬಹಳ, ಕಲ್ಲಿನ ಸಂದುಗಳಲ್ಲಿ ನೀರು ಇಳಿದು ನಿಲ್ಲುತ್ತದೆ, ಮಳೆಗಾಲದಲ್ಲಿ ಕೆಳಗಿನಿಂದಲೇ ತೇವ ಏರುತ್ತದೆ. ಹಗ್ಗದ ಹೊರಸಿನ ಮೇಲೆ ಹರವಿದರೆ ಎರಡೂ ಕಡೆ ಗಾಳಿ ಆಡುತ್ತದೆ. ಬಣ್ಣದ ಹಾಸಿಗೆ ನೆರಳು, ಬಿಳಿಯದಕ್ಕೆ ಬಿಸಿಲು. ಸೋಫಾ, ಗಾದಿಗೆ ಫ್ಯಾನ್ ಹಾಕಿದರೆ ಒಳ್ಳೆಯದು. ನೀರಿನ ಏರ್ ಕೂಲರ್ ಹಚ್ಚುವುದು ತಪ್ಪು, ಅದು ಕೋಣೆಗೆ ತೇವವನ್ನೇ ತುಂಬುತ್ತದೆ. ಕೂಲರಿನ ಪಂಪು ನಿಲ್ಲಿಸಿ ಬರೀ ಗಾಳಿ ಬಿಟ್ಟರೆ ಅಡ್ಡಿಯಿಲ್ಲ.

ಕರೆಂಟಿನ ವಿಷಯ

ನೀರೂ ಕರೆಂಟೂ ಕೂಡಿದ ಯಂತ್ರ ಇದು. ಮೂರು ಪಿನ್ನಿನ ಪ್ಲಗ್ಗು, ಅರ್ಥಿಂಗ್ ಇರುವ ಸಾಕೆಟ್ಟು ಇಲ್ಲದೆ ಹಚ್ಚಬಾರದು. ಸೋರಿಕೆಯಾದಾಗ ಕರೆಂಟು ಕಡಿಯುವ 30 ಮಿಲಿಆಂಪಿಯರಿನ ಆರ್‌ಸಿಸಿಬಿ ಮನೆಯ ಬೋರ್ಡಿನಲ್ಲಿದ್ದರೆ ಜೀವಕ್ಕೆ ಕಾವಲು. ಎರೆನೆಲ ಬೇಸಿಗೆಯಲ್ಲಿ ಬಿರಿದಾಗ ಅರ್ಥಿಂಗ್ ಗುಂಡಿಯ ಸುತ್ತಲ ಮಣ್ಣು ಸಲಾಕೆಯಿಂದ ಬಿಟ್ಟುಕೊಳ್ಳುತ್ತದೆ, ಅರ್ಥಿಂಗ್ ಹೆಸರಿಗೆ ಮಾತ್ರ ಉಳಿಯುತ್ತದೆ. ಆ ಗುಂಡಿಗೆ ಬೇಸಿಗೆಯುದ್ದಕ್ಕೂ ಆಗಾಗ ನೀರು ಹಾಕುತ್ತಿರಬೇಕು. ಇದನ್ನು ಮರೆಯುವ ಮನೆಗಳೇ ಹೆಚ್ಚು. ಮನೆಯ ಚಿಕ್ಕ ಇನ್ವರ್ಟರಿಗೆ ಈ ಯಂತ್ರದ ಭಾರ ತಡೆಯುವುದಿಲ್ಲ, ಕರೆಂಟು ಹೋದರೆ ಕೆಲಸ ನಿಲ್ಲಿಸಿ ಪ್ಲಗ್ಗು ಕಿತ್ತಿಡುವುದೇ ಸರಿ. ತೆಳು ತಂತಿಯ ಎಕ್ಸ್‌ಟೆನ್ಷನ್ ಬೋರ್ಡು ಹಸಿ ನೆಲದ ಮೇಲೆ ಬಿದ್ದಿರುವುದಂತೂ ಕೂಡದು.

ನಿಗಾ ಮತ್ತು ದುರಸ್ತಿ

ಕೆಲಸ ಮುಗಿದ ಗಳಿಗೆಯಲ್ಲೇ ಕೊಳೆ ಟ್ಯಾಂಕನ್ನು ಖಾಲಿ ಮಾಡಬೇಕು. ರಾತ್ರಿಯಿಡೀ ಬಿಟ್ಟರೆ ಎರೆ ತಳದಲ್ಲಿ ಗಟ್ಟಿಯಾಗಿ ಕೂರುತ್ತದೆ, ನಾರುವ ವಾಸನೆ ಪೈಪಿಗೆ ಹತ್ತಿದರೆ ಬಿಡಿಸುವುದು ಕಷ್ಟ. ಆ ನೀರನ್ನು ಬಚ್ಚಲಿಗೆ ಸುರಿಯಬಾರದು. ಜೇಡಿಯೂ ನೂಲಿನ ಹಿಂಜಲೂ ಕೂಡಿ ಜಾಲರಿ ಕಟ್ಟಿಕೊಳ್ಳುತ್ತವೆ. ಬಕೆಟ್ಟಿನಲ್ಲಿ ಇಳಿಯಲು ಬಿಟ್ಟು, ಮೇಲಿನ ನೀರನ್ನು ಚರಂಡಿಗೆ, ತಳದ ರಾಡಿಯನ್ನು ಹಿತ್ತಲಿಗೆ ಹಾಕುವುದು ಲೇಸು.

ಟ್ಯಾಂಕು ತೊಳೆದ ಮೇಲೆ ಒಂದು ಮಗ್ ಒಳ್ಳೆಯ ನೀರನ್ನು ಹೀರುತುದಿಯಿಂದ ಎಳೆಸಿದರೆ ಪೈಪು ಒಳಗಿನಿಂದ ಶುಚಿಯಾಗುತ್ತದೆ. ಒಳ್ಳೆಯ ನೀರಿನ ಟ್ಯಾಂಕಿನಲ್ಲೂ ಬರೀ ನೀರು ಹಾಕಿ ಒಂದು ನಿಮಿಷ ಸಿಂಪಡಿಸಬೇಕು, ಇಲ್ಲದಿದ್ದರೆ ಪಂಪಿನಲ್ಲಿ ಸಾಬೂನು ಗಟ್ಟಿಯಾಗುತ್ತದೆ. ಆಮೇಲೆ ಮುಚ್ಚಳಗಳನ್ನು ತೆರೆದಿಟ್ಟು ಎಲ್ಲವನ್ನೂ ಆರಿಸಿ ಜೋಡಿಸಬೇಕು. ಬ್ರಷ್ಷಿಗೆ ಸುತ್ತಿದ ಕೂದಲು, ದಾರವನ್ನು ಕತ್ತರಿಯಿಂದ ಕೊಯ್ದು ತೆಗೆಯಬೇಕು. ಎಳೆದರೆ ಅಚ್ಚಿನ ಬುಷ್ ಸವೆಯುತ್ತದೆ. ಫ್ಲೋಟನ್ನು ಬೆರಳಿನಿಂದ ಮೇಲೆ ಕೆಳಗೆ ಆಡಿಸಿ ನೋಡಬೇಕು. ಮಣ್ಣು ಸಿಕ್ಕಿ ಅದು ಮೇಲೇಳದಿದ್ದರೆ ಮುಂದಿನ ಸಲ ನೀರು ನೇರ ಮೋಟರಿಗೆ ಹೋಗುತ್ತದೆ. ಫೋಮಿನ ಫಿಲ್ಟರನ್ನು ತೊಳೆದು ಪೂರ್ತಿ ಒಣಗಿದ ಮೇಲೆಯೇ ಹಾಕಬೇಕು. ಕಾಗದದ ಫಿಲ್ಟರನ್ನು ತೊಳೆಯುವಂತಿಲ್ಲ, ಬದಲಿಸಬೇಕು.

ಸಿಂಪರಣೆ ಒಂದು ಕಡೆಗೇ ವಾಲಿದರೆ ನಾಜಲ್ಲಿನಲ್ಲಿ ಸುಣ್ಣ ಕಟ್ಟಿದೆ ಎಂದರ್ಥ. ಒಂದು ಲೀಟರ್ ನೀರಿಗೆ ಎರಡು ಚಮಚದಷ್ಟು ನಿಂಬೆ ಉಪ್ಪು ಕರಗಿಸಿ, ಪಂಪಿನಿಂದ ಸ್ವಲ್ಪ ಎಳೆಸಿ, ಅರ್ಧ ತಾಸು ಬಿಟ್ಟು, ಮತ್ತೆ ಬರೀ ನೀರು ಹಾಯಿಸಿದರೆ ಸುಣ್ಣ ಕರಗುತ್ತದೆ. ಕೆಲವು ಕಂಪನಿಗಳು ಆಮ್ಲ ಬೇಡವೆನ್ನುತ್ತವೆ, ಆದ್ದರಿಂದ ಮೊದಲು ಕೈಪಿಡಿ ನೋಡಬೇಕು. ಸೂಜಿಯಿಂದ ಚುಚ್ಚಿದರೆ ತೂತು ದೊಡ್ಡದಾಗಿ ನೀರು ಹರಡುವ ಬದಲು ಧಾರೆಯಾಗಿ ಬೀಳುತ್ತದೆ. ನಿಂಬೆ ಉಪ್ಪಿನ ಕೆಲಸವನ್ನು ಶಹಾಬಾದಿ ನೆಲದ ಮೇಲೆ ಮಾಡದೆ ಪ್ಲಾಸ್ಟಿಕ್ ಬುಟ್ಟಿಯಲ್ಲಿಟ್ಟು ಮಾಡಬೇಕು. ಶಹಾಬಾದಿ ಸುಣ್ಣದ ಕಲ್ಲು, ನಿಂಬೆ ಉಪ್ಪು ಬಿದ್ದ ಜಾಗ ಹೊಳಪು ಕಳೆದುಕೊಂಡು ಮಸುಕಾಗುತ್ತದೆ.

ಯಂತ್ರವನ್ನು ಮಾಳಿಗೆಯ ಕೋಣೆಯಲ್ಲಿಟ್ಟರೆ ಬೇಸಿಗೆಯ ಕಾವಿಗೆ ಪೈಪು ಬಿರಿಯುತ್ತದೆ, ರಬ್ಬರ್ ವಾಷರ್ ಗಟ್ಟಿಯಾಗಿ ಗಾಳಿ ಸೋರುತ್ತದೆ. ಹೀರುವ ಬಲ ಕಡಿಮೆಯಾಯಿತೆಂಬ ದೂರುಗಳಲ್ಲಿ ಹೆಚ್ಚಿನವಕ್ಕೆ ಕಾರಣ ಮೋಟರಲ್ಲ, ಹೀಗೆ ಸೋರುವ ಗಾಳಿ ಅಥವಾ ಕಟ್ಟಿದ ಫಿಲ್ಟರ್. ಭತ್ತದ ಚೀಲ ಇರುವ ಮನೆಯಲ್ಲಿ ಇಲಿಗಳೂ ಇರುತ್ತವೆ, ಅವು ಪೈಪನ್ನೂ ವೈರನ್ನೂ ಬಿಡುವುದಿಲ್ಲ. ಗೋಡೆಯ ಮೊಳೆಗೆ ಪೈಪನ್ನು ತೂಗುಹಾಕುವುದು ವಾಸಿ.

ಈ ಊರುಗಳಲ್ಲಿ ಕಂಪನಿಯ ಸರ್ವಿಸ್ ಸೆಂಟರ್ ಹತ್ತಿರ ಸಿಗುವುದು ಕಷ್ಟ. ಆದರೆ ಪಂಪ್‌ಸೆಟ್ಟುಗಳ ನಾಡಾದ್ದರಿಂದ ಮೋಟರ್ ವೈಂಡಿಂಗ್ ಅಂಗಡಿಗಳಿಗೆ ಕೊರತೆಯಿಲ್ಲ. ಹೀರುವ ಮೋಟರಿನಲ್ಲಿ ಕಾರ್ಬನ್ ಬ್ರಷ್ ಇರುವ ಜಾತಿಯೇ ಹೆಚ್ಚು. ಕಿಡಿ ಹಾರಿ ಸುಟ್ಟ ವಾಸನೆ ಬಂದರೆ, ನಿಂತು ನಿಂತು ಓಡಿದರೆ ಆ ಬ್ರಷ್ ಸವೆದಿರಬಹುದು. ಮಿಕ್ಸರ್, ಡ್ರಿಲ್ ರಿಪೇರಿ ಮಾಡುವ ಕೈಗೆ ಇದು ಹೊಸ ಕೆಲಸವಲ್ಲ. ಗ್ಯಾರಂಟಿ ಅವಧಿ ಮುಗಿಯುವ ಮೊದಲು ಮಾತ್ರ ಯಂತ್ರವನ್ನು ಬಿಚ್ಚಿಸಬಾರದು. ನೀರಿನ ಪಂಪು ಸುಟ್ಟರೆ ರಿಪೇರಿ ಇಲ್ಲ, ಅದೇ ಅಳತೆಯ ಹೊಸದನ್ನು ತರಿಸಿ ಕೂರಿಸಬೇಕು. ಹೊಸ ಯಂತ್ರ ಕೊಳ್ಳುವಾಗಲೇ ಫಿಲ್ಟರ್, ಬೆಲ್ಟ್, ಪಂಪು ಬಿಡಿಯಾಗಿ ಸಿಗುತ್ತವೆಯೇ ಎಂದು ವಿಚಾರಿಸಿ, ಒಂದು ಜತೆ ಫಿಲ್ಟರ್ ಮತ್ತು ಬೆಲ್ಟನ್ನು ಅದರ ಜತೆಗೇ ತರಿಸಿಟ್ಟುಕೊಳ್ಳಬೇಕು.